ಹನೋಯ್ ಬೀದಿಯಲ್ಲಿ ಸುಕ್ಕಿನುಂಡೆ

ಹನೋಯ್ ಎಂಬ ಹೆಸರು ನಮ್ಮ ಪೀಳಿಗೆಯವರಿಗೆ ಪರಿಚಯವಾದದ್ದು ರೇಡಿಯೋ ವಾರ್ತೆಯಲ್ಲಿ. 1972ರ ಡಿಸೆಂಬರ್. ನಾನಾಗ ಬಿ.ಕಾಂ. ಓದುತ್ತಿದ್ದೆ. ಆ ತಿಂಗಳ 18ರಿಂದ 29ರವರೆಗೆ ಅಮೆರಿಕದ ಬಿ-52 ವಿಮಾನಗಳು ಆ ಊರಿನ ಮೇಲೆ ಬಾಂಬು ಸುರಿಸಿದವು. ಹಾಸ್ಟೆಲಿನ ವರಾಂಡದಲ್ಲಿ ಕೂತು ಸುದ್ದಿ ಕೇಳುತ್ತಿದ್ದ ನಮಗೆ ಹನೋಯ್ ಎಂದರೆ ಹೊಗೆಯೇಳುವ ಊರು, ಅಷ್ಟೆ. ಏಳನೇ ತರಗತಿ ಓದುವ ನನ್ನ ಮೊಮ್ಮಗಳಿಗೆ ಅದೇ ಹೆಸರು ಪರಿಚಯವಾದದ್ದು ಫೋನಿನಲ್ಲಿ. ಮನೆಗಳ ಬಾಗಿಲನ್ನು ಒರಸಿಕೊಂಡು ಹೋಗುವ ರೈಲು, ಹಳಿಯ ಪಕ್ಕದಲ್ಲೇ ಕಾಫಿ ಕುಡಿಯುವ ಜನ. "ತಾತ, ಅಲ್ಲಿಗೆ ಹೋಗೋಣ" ಎಂದು ಅವಳು, "ಅಲ್ಲಿ ನಾವು ತಿನ್ನೋದೇನು?" ಎಂದು ಅವಳ ಅಜ್ಜಿ. ಅಳಿಯನಿಗೆ ಅಲ್ಲೊಂದು ವಾರದ ಕಚೇರಿ ಕೆಲಸ ಬಂದದ್ದರಿಂದ ನಾವು ಮೂವರೂ ಬಾಲ ಹಿಡಿದು ಹೊರಟೆವು. ಅಳಿಯ ಮಗಳು ಒಂದು ದಿನದ ಮಟ್ಟಿಗೆ ನಮ್ಮನ್ನು ಒಬ್ಬ ಮಾರ್ಗದರ್ಶಿಯ ಕೈಗೆ ಒಪ್ಪಿಸಿದರು. ಬೀದಿ ತಿಂಡಿ ತಿನ್ನಿಸುತ್ತ ಊರು ತೋರಿಸುವುದು ಅವಳ ಕೆಲಸ.

ಮೊದಲು ದುಡ್ಡಿನ ಮಾತು ಮುಗಿಸಿಬಿಡುತ್ತೇನೆ. ಮೂವತ್ತೈದು ವರ್ಷ ಬ್ಯಾಂಕಿನಲ್ಲಿ ಗುಮಾಸ್ತನಾಗಿದ್ದವನಿಗೆ ಇದನ್ನು ತಡೆದುಕೊಳ್ಳುವುದು ಕಷ್ಟ. ವಿಯೆಟ್ನಾಮಿನ ಹಣ ದೋಂಗ್. ನಮ್ಮ ಒಂದು ರೂಪಾಯಿಗೆ ಸುಮಾರು ಮುನ್ನೂರು ದೋಂಗ್. ನೂರು ಡಾಲರ್ ಕೊಟ್ಟರೆ ಇಪ್ಪತ್ತೈದು ಲಕ್ಷಕ್ಕೂ ಹೆಚ್ಚು ಕೈಗೆ ಬರುತ್ತದೆ. ನಾನು ನಿವೃತ್ತನಾದ ದಿನವೂ ಅಷ್ಟು ಸೊನ್ನೆಗಳನ್ನು ಒಟ್ಟಿಗೆ ನೋಡಿರಲಿಲ್ಲ. ಹತ್ತು ಸಾವಿರದಿಂದ ಐದು ಲಕ್ಷದವರೆಗಿನ ನೋಟುಗಳೆಲ್ಲ ಪ್ಲಾಸ್ಟಿಕ್ಕಿನವು. ಬೆರಳಿಗೆ ನೀರು ತಾಗಿಸಿ ಎಣಿಸುವ ನಮ್ಮ ಕಾಲದ ವಿದ್ಯೆ ಅಲ್ಲಿ ನಡೆಯುವುದಿಲ್ಲ, ಜಾರಿ ಬೀಳುತ್ತವೆ. ಇಪ್ಪತ್ತು ಸಾವಿರದ ನೋಟೂ ನೀಲಿ, ಐದು ಲಕ್ಷದ ನೋಟೂ ನೀಲಿ. ಸಂಜೆಯ ಮಬ್ಬಿನಲ್ಲಿ ಎರಡೂ ಒಂದೇ. ಆದ್ದರಿಂದ ಹೋಟೆಲಿನ ಮಂಚದ ಮೇಲೆ ಕೂತು ಕ್ಯಾಷ್ ಕೌಂಟರಿನಲ್ಲಿ ಮಾಡುತ್ತಿದ್ದಂತೆ ಮುಖ ಒಂದೇ ಕಡೆ ತಿರುಗಿಸಿ, ಬೆಲೆವಾರು ಜೋಡಿಸಿ, ದೊಡ್ಡವನ್ನು ಒಳಜೇಬಿಗೂ ಚಿಕ್ಕವನ್ನು ಹೊರಜೇಬಿಗೂ ಹಾಕಿಕೊಂಡೆ. ಎಲ್ಲ ನೋಟಿನ ಮೇಲೂ ಹೋ ಚಿ ಮಿನ್ ಅವರ ಮುಖವೇ.

ಬೆಳಿಗ್ಗೆ ಏಳೂವರೆಗೆ ಮಾರ್ಗದರ್ಶಿ ಬಂದಳು. ಇಪ್ಪತ್ನಾಲ್ಕು ಇಪ್ಪತ್ತೈದರ ಹುಡುಗಿ, ತಲೆಗೆ ಬಿದಿರಿನ ಟೋಪಿ, ಕಾಲಿಗೆ ಕ್ಯಾನ್ವಾಸ್ ಶೂ. ಇಂಗ್ಲಿಷ್ ಚೆನ್ನಾಗಿತ್ತು. ಬಂದವಳೇ ನನ್ನನ್ನು "ಓಂಗ್" ಎಂದು ಕರೆದಳು, ನನ್ನ ಹೆಂಡತಿಯನ್ನು "ಬಾ" ಎಂದಳು. ಓಂಗ್ ಎಂದರೆ ತಾತ, ಬಾ ಎಂದರೆ ಅಜ್ಜಿ. ನಮ್ಮೆದುರು ತನ್ನನ್ನು ತಾನು "ಚಾವ್" ಅಂದರೆ ಮೊಮ್ಮಗಳು ಎಂದೇ ಹೇಳಿಕೊಳ್ಳುತ್ತಿದ್ದಳು. ನನ್ನ ಮೊಮ್ಮಗಳು ಅವಳಿಗೆ "ಎಮ್", ತಂಗಿ. ಆ ಭಾಷೆಯಲ್ಲಿ ನಾನು, ನೀನು ಎಂದು ಸುಮ್ಮನೆ ಹೇಳಿಬಿಡುವ ಹಾಗಿಲ್ಲವಂತೆ. ಎದುರಿಗಿರುವವರ ವಯಸ್ಸು ಅಳೆದು ನೆಂಟಸ್ತಿಕೆ ಕಟ್ಟಿದ ಮೇಲೆಯೇ ಮಾತು. ತರಕಾರಿ ಕೊಳ್ಳುವಾಗಲೂ ಅಕ್ಕ, ಚಿಕ್ಕಮ್ಮ, ಅಣ್ಣ ಎನ್ನಲೇಬೇಕು. ನಮ್ಮ ಹಳ್ಳಿಗಳಲ್ಲೂ ಹೀಗೇ ಅಲ್ಲವೇ ಎಂದು ನನ್ನವಳಿಗೆ ಅವಳ ಮೇಲೆ ಆಗಲೇ ಅಕ್ಕರೆ ಹುಟ್ಟಿತ್ತು.

ಮಕ್ಕಳಿಗೆ ಇನ್ನೊಂದು ಸ್ವಾರಸ್ಯ ಹೇಳಬೇಕು. ನಮ್ಮ ವರ್ಣಮಾಲೆಯಲ್ಲಿ ಕ ಖ ಗ ಘ ಆದ ಮೇಲೆ ಒಂದು ಙ ಇದೆ. ಒಂದನೇ ತರಗತಿಯಲ್ಲಿ ತಿದ್ದಿದ್ದು ಬಿಟ್ಟರೆ ಅದಕ್ಕೆ ನಾವು ಕೆಲಸವನ್ನೇ ಕೊಡುವುದಿಲ್ಲ. ವಿಯೆಟ್ನಾಮಿನಲ್ಲಿ ಆ ಅಕ್ಷರ ಬೆಳಗಿನಿಂದ ರಾತ್ರಿವರೆಗೆ ದುಡಿಯುತ್ತದೆ. ಅಲ್ಲಿ ಎಲ್ಲಕ್ಕಿಂತ ಹೆಚ್ಚು ಜನರಿಗಿರುವ ಮನೆತನದ ಹೆಸರೇ ಙುಯೆನ್. ಮೊಮ್ಮಗಳು ಮೊದಲ ಸಲಕ್ಕೇ ಸರಿಯಾಗಿ ಉಚ್ಚರಿಸಿದಾಗ ಮಾರ್ಗದರ್ಶಿ ಹುಡುಗಿ ನಿಂತಲ್ಲೇ ಚಪ್ಪಾಳೆ ತಟ್ಟಿದಳು.

ಇನ್ನು ಊಟದ ಪ್ರಶ್ನೆ. ನನ್ನ ಹೆಂಡತಿ ಮೊಟ್ಟೆಯನ್ನೂ ಮುಟ್ಟದವಳು. ಆ ಊರಿನಲ್ಲೋ ಸೊಪ್ಪಿಗೂ ಮೀನಿನ ರಸ ಬೀಳುತ್ತದೆ. ಮೀನನ್ನು ಉಪ್ಪಿನಲ್ಲಿ ತಿಂಗಳುಗಟ್ಟಲೆ ಇಟ್ಟು ಇಳಿಸಿದ ಈ ರಸಕ್ಕೆ ನುವೊಕ್ ಮಾಮ್ ಎಂದು ಹೆಸರು. ನಮಗೆ ಒಗ್ಗರಣೆ ಹೇಗೋ ಅವರಿಗೆ ಅದು ಹಾಗೆ. ಆದರೆ ನಮ್ಮ ಅದೃಷ್ಟಕ್ಕೆ ಅಂದು ಹುಣ್ಣಿಮೆ. ಚಾಂದ್ರಮಾನದ ಒಂದನೇ ದಿನ ಮತ್ತು ಹದಿನೈದನೇ ದಿನ ಅಲ್ಲಿ ಎಷ್ಟೋ ಜನ ಮಾಂಸ ಬಿಡುತ್ತಾರೆ, ಪಗೋಡಕ್ಕೆ ಹೋಗುತ್ತಾರೆ, ಮನೆಯಲ್ಲಿ ಹಿರಿಯರಿಗೆ ಹಣ್ಣು ಹೂವು ಇಡುತ್ತಾರೆ. ಮಾಂಸ, ಮೀನು ಇಲ್ಲದ ಅಡುಗೆಗೆ "ಚಯ್" ಎನ್ನುತ್ತಾರೆ. ಚಹಾಕ್ಕೆ ಆ ಊರಿನವರ ಬಾಯಲ್ಲಿ "ಚಾ". ನನ್ನವಳು ಚಯ್ ಎಂದಾಗಲೆಲ್ಲ ನಾನು ಚಹಾ ಬರುತ್ತದೆಂದು ಕಾಯುತ್ತಿದ್ದೆ.

ಹಳೆಯ ಪೇಟೆಯೊಳಗೆ ಕಾಲಿಟ್ಟಾಗ ನನಗೆ ಪರದೇಶ ಎನಿಸಲೇ ಇಲ್ಲ. ಅದನ್ನು ಮೂವತ್ತಾರು ಬೀದಿಗಳ ಪೇಟೆ ಎನ್ನುತ್ತಾರೆ. ಒಂದೊಂದು ಬೀದಿಗೆ ಒಂದೊಂದು ಸರಕಿನ ಹೆಸರು. ಹಾಂಗ್ ಬಾಕ್ ಎಂದರೆ ಬೆಳ್ಳಿ ಬೀದಿ, ಹಾಂಗ್ ಥಿಯೆಕ್ ತಗಡಿನ ಬೀದಿ, ಹಾಂಗ್ ದುವೊಂಗ್ ಸಕ್ಕರೆ ಬೀದಿ, ಹಾಂಗ್ ಮುವೊಯ್ ಉಪ್ಪಿನ ಬೀದಿ. ನಮ್ಮ ಬೆಂಗಳೂರಿನಲ್ಲಿ ಅಕ್ಕಿಪೇಟೆ, ಅರಳೆಪೇಟೆ, ಬಳೇಪೇಟೆ, ತರಗುಪೇಟೆ ಇಲ್ಲವೇ? ಅದೇ ಲೆಕ್ಕ. ಅಕ್ಕಿಪೇಟೆಯಲ್ಲಿ ಈಗ ಅಕ್ಕಿಗಿಂತ ಬೇರೆಯದೇ ಹೆಚ್ಚು ಸಿಗುವಂತೆ ಅಲ್ಲೂ ಅನೇಕ ಬೀದಿಗಳು ಸರಕು ಬದಲಿಸಿಕೊಂಡಿವೆ. ತಗಡಿನ ಬೀದಿ ಮಾತ್ರ ಈಗಲೂ ಟಣಟಣ ಸದ್ದು ಮಾಡುತ್ತದೆ. ಮನೆಗಳೋ ಮುಂದೆ ಎರಡು ಮೂರು ಮೀಟರ್ ಅಗಲ, ಹಿಂದಕ್ಕೆ ರೈಲುಬೋಗಿಯಂತೆ ಉದ್ದ. ಹಿಂದೆ ಬೀದಿಗೆ ಮುಖ ಮಾಡಿದ ಅಗಲಕ್ಕೆ ತೆರಿಗೆ ಹಾಕುತ್ತಿದ್ದರು, ಅದಕ್ಕೇ ಜನ ಹೀಗೆ ಕಟ್ಟಿಕೊಂಡರು ಎಂದು ಹೇಳುತ್ತಾರೆ.

ಹಾಂಗ್ ಮಾ ಎಂಬ ಬೀದಿಯಲ್ಲಿ ನನ್ನನ್ನು ಎಳೆದುಕೊಂಡು ಹೋಗಬೇಕಾಯಿತು. ಸತ್ತ ಹಿರಿಯರಿಗಾಗಿ ಸುಡುವ ಕಾಗದದ ವಸ್ತುಗಳ ಬೀದಿ ಅದು. ಕಾಗದದ ಅಂಗಿ, ಕಾಗದದ ಬೈಕು, ಕಾಗದದ ಮೊಬೈಲು. ಎಲ್ಲಕ್ಕಿಂತ ಹೆಚ್ಚಾಗಿ ಕಂತೆ ಕಂತೆ ನೋಟು, ಪಾತಾಳಲೋಕದ ಬ್ಯಾಂಕಿನ ಹೆಸರಿನಲ್ಲಿ ಅಚ್ಚಾದವು! ಹುಣ್ಣಿಮೆಯಾದ್ದರಿಂದ ವ್ಯಾಪಾರ ಜೋರಾಗಿತ್ತು. ಅಂಗಡಿಗಳ ಮುಂದೆ ತಗಡಿನ ಡಬ್ಬಿಯಲ್ಲಿ ನೋಟುಗಳು ಉರಿಯುತ್ತಿದ್ದವು. ಬ್ಯಾಂಕಿನಲ್ಲಿ ಒಂದು ಹರಿದ ನೋಟಿಗೂ ಲೆಕ್ಕ ಬರೆದ ನನಗೆ ಕಂತೆಗಟ್ಟಲೆ ಸುಡುವುದನ್ನು ನೋಡುವಾಗ ಎದೆ ಝಲ್ಲೆಂದಿತು. "ನಾವು ಪಕ್ಷಮಾಸದಲ್ಲಿ ಎಡೆ ಇಡೋದಿಲ್ವಾ, ಇವರು ಖರ್ಚಿಗೂ ಕೊಡ್ತಾರೆ" ಎಂದಳು ನನ್ನವಳು.

ಮೊದಲ ತಿಂಡಿ ಬಾನ್ ಕುವೊನ್. ದೊಡ್ಡ ಪಾತ್ರೆಯ ಬಾಯಿಗೆ ಬಿಳಿಬಟ್ಟೆ ಬಿಗಿದು ಕಟ್ಟಿದ್ದಾರೆ, ಕೆಳಗೆ ನೀರು ಕುದಿಯುತ್ತಿದೆ. ಅಂಗಡಿಯಾಕೆ ನೀರಾದ ಅಕ್ಕಿಹಿಟ್ಟನ್ನು ಬಟ್ಟೆಯ ಮೇಲೆ ಸೌಟಿನಿಂದ ಸವರಿ ಮುಚ್ಚಳ ಮುಚ್ಚುತ್ತಾಳೆ. ಅರ್ಧ ನಿಮಿಷಕ್ಕೆ ಮುಚ್ಚಳ ತೆಗೆದು, ಬಿದಿರಿನ ತೆಳು ಪಟ್ಟಿಯನ್ನು ಅಡಿಗೆ ತೂರಿಸಿ, ಹರಿಯದಂತೆ ಎತ್ತಿ ಹರಡುತ್ತಾಳೆ. ಆಚೆಗಿನ ಅಂಗಡಿ ಕಾಣುವಷ್ಟು ತೆಳು. ಸಾಮಾನ್ಯವಾಗಿ ಒಳಗೆ ಹಂದಿಮಾಂಸ ತುಂಬುತ್ತಾರೆ. ನಮಗೆ ಬರೀ ಅಣಬೆ, ಪಕ್ಕದಲ್ಲಿ ಮೀನಿನ ರಸದ ಬದಲು ಸೋಯಾ ರಸ. ನನ್ನವಳು ಕೈಕಟ್ಟಿ ನಿಂತು ಮೂರು ಸಲ ನೋಡಿ, "ಇದು ಆವಿಯಲ್ಲಿ ಬೇಯಿಸಿದ ನೀರುದೋಸೆ ಕಣ್ರೀ" ಎಂದು ತೀರ್ಪು ಕೊಟ್ಟ ಮೇಲೆ ತಿಂದಳು. ಎರಡನೇ ತಟ್ಟೆಯನ್ನು ತಾನೇ ಕೇಳಿದಳು.

ಮುಂದಿನದು ಸೊಯ್. ಅಂಟಕ್ಕಿಯನ್ನು ಅರಿಸಿನ ಹಾಕಿ ಬೇಯಿಸಿ, ಮೇಲೆ ಬೆಂದ ಹೆಸರುಬೇಳೆಯ ಗಟ್ಟಿ ಮುದ್ದೆಯನ್ನು ಚಾಕುವಿನಿಂದ ಹೆರೆದು ಉದುರಿಸುತ್ತಾರೆ. ಬಾಳೆಲೆಯಲ್ಲಿ ಕಟ್ಟಿಕೊಡುತ್ತಾರೆ. ಹುಗ್ಗಿಗೆ ಬೇಕಾದದ್ದೆಲ್ಲ ಇದೆ, ಮೆಣಸು ಜೀರಿಗೆ ಮಾತ್ರ ಇಲ್ಲ. ಇದರ ಮೇಲೆ ಹುರಿದ ಈರುಳ್ಳಿ ಹಾಕುವಾಗ ಕೋಳಿಯ ಕೊಬ್ಬು ಸೇರುವುದುಂಟು, ಅದು ಬೇಡವೆಂದು ಮೊದಲೇ ಹೇಳಬೇಕು.

ಎಲ್ಲ ಕಡೆಯೂ ಕೂರುವುದಕ್ಕೆ ನಮ್ಮ ಬಚ್ಚಲುಮನೆಯ ಮಣೆಗಿಂತ ಸ್ವಲ್ಪ ಎತ್ತರದ ಪ್ಲಾಸ್ಟಿಕ್ ಸ್ಟೂಲು. ಕೂರುವುದಕ್ಕೆ ಭೂಮಿಯ ಆಕರ್ಷಣೆ ಸಾಕು, ಏಳುವುದಕ್ಕೆ ಮೊಮ್ಮಗಳು ಬೇಕು.

ತಗಡಿನ ಬೀದಿ ದಾಟಿದ ಮೇಲೆ ಒಬ್ಬ ಹೆಂಗಸು ಕಾವಡಿ ಹೊತ್ತು ಬಂದಳು. ಬಿದಿರಿನ ದಬ್ಬೆಯ ಎರಡು ತುದಿಗೂ ತಕ್ಕಡಿಯಂತೆ ಬುಟ್ಟಿ. ಒಂದರಲ್ಲಿ ಸೀಬೆ, ಇನ್ನೊಂದರಲ್ಲಿ ಅನಾನಸು. ವಯಸ್ಸು ಅರವತ್ತರ ಮೇಲೆಯೇ. ನಡೆಯುವಾಗ ದಬ್ಬೆ ಬಾಗಿ ಏಳುತ್ತದೆ, ಆ ಏಳುವಿಕೆಗೆ ಹೆಜ್ಜೆ ಹೊಂದಿಸಿದರೆ ಭಾರ ಹೆಗಲಿಗೆ ಅಷ್ಟು ತಗಲುವುದಿಲ್ಲವಂತೆ. ಆಕೆ ನಗುತ್ತ ಮೊಮ್ಮಗಳ ಹೆಗಲಿಗೆ ಕೊಟ್ಟಳು. ಹುಡುಗಿಗೆ ಬುಟ್ಟಿಗಳನ್ನು ನೆಲದಿಂದ ಒಂದಂಗುಲ ಎತ್ತಲಾಗಲಿಲ್ಲ. ಪ್ರವಾಸಿಗರ ಹೆಗಲಿಗೆ ಕಾವಡಿ ಇಟ್ಟು ಫೋಟೋ ತೆಗೆಸಿ ಆಮೇಲೆ ದುಡ್ಡು ಕೇಳುವವರೂ ಆ ಬೀದಿಗಳಲ್ಲಿದ್ದಾರೆ. ಆದರೆ ಈಕೆ ಅನಾನಸಿನ ಬೆಲೆಯಷ್ಟೇ ತೆಗೆದುಕೊಂಡಳು.

ಅಲ್ಲಿಯವರೆಗೆ ಚಟಪಟ ಮಾತಾಡುತ್ತಿದ್ದ ಮಾರ್ಗದರ್ಶಿ ಅವಳು ಮೂಲೆ ತಿರುಗುವವರೆಗೂ ನೋಡುತ್ತ ನಿಂತಿದ್ದಳು. ಆಮೇಲೆ ಹೇಳಿದಳು: ಅವಳ ಅಜ್ಜಿಯೂ ಹೀಗೇ ಹೊತ್ತವಳು. ಕೆಂಪು ನದಿಯ ಆಚೆಯ ಹಳ್ಳಿ. 1986ರಲ್ಲಿ ಸರ್ಕಾರ ತನ್ನ ಆರ್ಥಿಕ ನೀತಿ ಬದಲಿಸಿ ಖಾಸಗಿ ವ್ಯಾಪಾರಕ್ಕೆ ದಾರಿ ಬಿಟ್ಟಾಗ ಅಜ್ಜಿ ಕಾವಡಿ ಎತ್ತಿದಳು. ಬೆಳಗಿನ ಜಾವ ಮೂರಕ್ಕೆ ಎದ್ದು, ಸೇತುವೆ ದಾಟಿ, ಸೋಯಾ ಮೊಸರುಗಟ್ಟಿ ಮಾರಿ ಮಧ್ಯಾಹ್ನ ಮನೆಗೆ. ಇಪ್ಪತ್ತು ವರ್ಷಕ್ಕೂ ಮೇಲೆ. 2008ರಲ್ಲಿ ನಗರದ ಹತ್ತಾರು ಬೀದಿಗಳಲ್ಲಿ ಬೀದಿ ವ್ಯಾಪಾರವನ್ನೇ ನಿಷೇಧಿಸಿದರು. ಬುಟ್ಟಿ ಹಿಡಿದರೆ ದಂಡ ಕಟ್ಟಿ ಬಿಡಿಸಿಕೊಳ್ಳಬೇಕು. ದಂಡ ಒಂದು ವಾರದ ದುಡಿಮೆ. ಹಾಗಾಗಿ ಅಜ್ಜಿ ಓಡುವುದನ್ನು ಕಲಿತಳು. "ಕಾಲೇಜಿನ ಫೀಸು ಆ ಹೆಗಲಿನಿಂದಲೇ ಬಂತು. ಈಗ ನಾನು ಬೀದಿ ತಿಂಡಿ ತೋರಿಸಿ ಸಂಬಳ ತೆಗೆದುಕೊಳ್ಳುತ್ತೇನೆ. ಯಾವ ಬೀದಿಯಲ್ಲಿ ಅಜ್ಜಿಯನ್ನು ಓಡಿಸಿದರೋ ಅದೇ ಬೀದಿಯಲ್ಲಿ."

"ಓಡಿ ಎಲ್ಲಿಗೆ ಹೋಗೋರು?" ಎಂದು ಮೊಮ್ಮಗಳು ಕೇಳಿದಳು. ಪಕ್ಕದ ಓಣಿಗೆ, ಪೊಲೀಸರು ಹೋದ ಮೇಲೆ ಮತ್ತೆ ಈಚೆಗೆ, ಎಂದಳು ಹುಡುಗಿ.

ನನಗೆ ಅರಸೀಕೆರೆ ನೆನಪಾಯಿತು. ಎಂಬತ್ತರ ದಶಕದ ಮೊದಲಲ್ಲಿ ಅಲ್ಲಿನ ಶಾಖೆಯಲ್ಲಿ ನಾನು ಸಾಲದ ಮೇಜಿನಲ್ಲಿದ್ದೆ. 1972ರಲ್ಲಿ ಬಂದ ಡಿಆರ್‌ಐ ಎಂಬ ಯೋಜನೆಯಲ್ಲಿ ಕಡುಬಡವರಿಗೆ ನೂರಕ್ಕೆ ನಾಲ್ಕರ ಬಡ್ಡಿಯಲ್ಲಿ ಸಾಲ ಕೊಡುತ್ತಿದ್ದೆವು. ಸ್ಟೇಷನ್ ಹತ್ತಿರ ಸೌತೆಕಾಯಿ, ಬೇಯಿಸಿದ ಕಡಲೆಕಾಯಿ ಮಾರುತ್ತಿದ್ದ ಒಬ್ಬಾಕೆ ತಳ್ಳುಗಾಡಿಗೆ ಸಾಲ ಪಡೆದಿದ್ದಳು. ಪ್ರತಿ ಶನಿವಾರ ಸೆರಗಿನ ಗಂಟು ಬಿಚ್ಚಿ ಚಿಲ್ಲರೆ ಸುರಿಯುವಳು. ಎಣಿಸುವುದರೊಳಗೆ ಹಿಂದಿನವರು ಗೊಣಗುವರು. ಕೊನೆಯ ಕಂತು ಕಟ್ಟಿದ ದಿನ ಕಡಲೆಕಾಯಿಯ ಪೊಟ್ಟಣವೊಂದನ್ನು ಕೌಂಟರಿನ ಮೇಲಿಟ್ಟು ಹೋಗಿದ್ದಳು. ಆಗ ನಮ್ಮಲ್ಲೂ ಅವಳ ಗಾಡಿಗೆ ನಿಲ್ಲುವ ಹಕ್ಕಿರಲಿಲ್ಲ. ಬೀದಿ ಬದಿ ವ್ಯಾಪಾರಿಗಳಿಗೆಂದು ನಮ್ಮ ದೇಶದಲ್ಲಿ ಕಾಯ್ದೆ ಬಂದದ್ದು 2014ರಲ್ಲಿ. ಸಾಲ ಕೊಡುವ ಬ್ಯಾಂಕಿಗೆ ಆ ಗಾಡಿ ಒಂದು ಆಸ್ತಿ, ಅದು ನಿಂತ ಊರಿಗೆ ಅಡಚಣೆ. ಈ ಲೆಕ್ಕ ನನಗೆ ಅಂದೂ ತಾಳೆಯಾಗಲಿಲ್ಲ, ಇಂದೂ ಆಗಿಲ್ಲ. ಕಾಲುದಾರಿ ನಡೆಯುವವರಿಗೆ ಬೇಕು, ನಿಜ. ಆದರೆ ಹನೋಯ್‌ನಲ್ಲಿ ಕಾಲುದಾರಿಯ ಬಹುಪಾಲನ್ನು ತಿಂದಿರುವುದು ನಿಲ್ಲಿಸಿದ ಸ್ಕೂಟರುಗಳು. ಕಾವಡಿಯ ಹೆಂಗಸು ಹಿಡಿಯುವ ಜಾಗ ಎರಡು ಬುಟ್ಟಿಯಷ್ಟು.

ಆ ಸೇತುವೆಯನ್ನು ನೋಡಲೇಬೇಕು ಎಂದು ನಾನೇ ಹಟ ಮಾಡಿದೆ, ಪಟ್ಟಿಯಲ್ಲಿ ಅದು ಇರಲಿಲ್ಲ. ಲೊಂಗ್ ಬಿಯೆನ್ ಸೇತುವೆಯನ್ನು ಫ್ರೆಂಚರು 1899ರಲ್ಲಿ ಕಟ್ಟಲು ಹಿಡಿದು 1902ರಲ್ಲಿ ಮುಗಿಸಿದರು. ನಡುವೆ ಮೀಟರ್ ಗೇಜ್ ರೈಲು ಹಳಿ, ಅತ್ತಿತ್ತ ಬೈಕು, ಸೈಕಲ್ಲು, ಕಾಲುನಡಿಗೆ. ಇಡೀ ದೇಶದಲ್ಲಿ ವಾಹನಗಳು ಬಲಕ್ಕೆ ಓಡಿದರೆ ಈ ಸೇತುವೆಯ ಮೇಲೆ ಮಾತ್ರ ನಮ್ಮಂತೆ ಎಡಕ್ಕೆ! ಅಮೆರಿಕದ ವಿಮಾನಗಳು 1967ರಿಂದ 1972ರ ನಡುವೆ ಇದನ್ನು ಮತ್ತೆ ಮತ್ತೆ ಮುರಿದವು, ಇವರು ಮತ್ತೆ ಮತ್ತೆ ಸೇರಿಸಿದರು. ಹಳೆಯ ಕಮಾನುಗಳು ಕೆಲವು ಕಡೆ ಉಳಿದಿವೆ, ಮುರಿದ ಕಡೆ ಬೋಳು ಗರ್ಡರುಗಳು. ದೂರದಿಂದ ನೋಡಿದರೆ ಹಲ್ಲು ಬಿದ್ದ ಬಾಯಿಯ ಹಾಗೆ. ಹುಡುಗಿಯ ಅಜ್ಜಿಗೆ ಆ ಡಿಸೆಂಬರಿನಲ್ಲಿ ಇಪ್ಪತ್ತೆರಡು ವರ್ಷ. ನನಗಿಂತ ಮೂರು ವರ್ಷ ದೊಡ್ಡವಳು. ನಾನು ಹಾಸ್ಟೆಲಿನಲ್ಲಿ ಕೇಳಿದ ಸುದ್ದಿಯನ್ನು ಅವಳು ನದಿಯ ಆಚೆ ದಡದ ಹಳ್ಳದೊಳಗೆ ಕೂತು ಕೇಳಿದ್ದಳು. ಅದನ್ನು ಮೊಮ್ಮಗಳಿಗೆ ಹೇಳಿದೆ. ಅವಳು ಗರ್ಡರನ್ನು ಮುಟ್ಟಿ ನೋಡಿದಳು. ತುಕ್ಕು ಕೈಗೆ ಮೆತ್ತಿಕೊಂಡಿತು.

ಮಧ್ಯಾಹ್ನ ಹೋನ್ ಕಿಯೆಮ್ ಸರೋವರ. ಹದಿನೈದನೇ ಶತಮಾನದಲ್ಲಿ ಚೀನಾದ ಮಿಂಗ್ ಸೈನ್ಯವನ್ನು ಓಡಿಸಿದ ಲೆ ಲೋಯ್ ಎಂಬ ರಾಜ ಇಲ್ಲಿ ದೋಣಿಯಲ್ಲಿ ಹೋಗುವಾಗ ಆಮೆಯೊಂದು ಮೇಲೆದ್ದು, ದೇವರು ಕೊಟ್ಟಿದ್ದ ಕತ್ತಿಯನ್ನು ವಾಪಸು ಕೇಳಿತಂತೆ. ರಾಜ ಕೊಟ್ಟುಬಿಟ್ಟ. ಯುದ್ಧ ಮುಗಿದ ಮೇಲೆ ಕತ್ತಿ ಹಿಂದಿರುಗಿಸಿದ ಕೆರೆ ಎಂಬುದೇ ಅದರ ಹೆಸರಿನ ಅರ್ಥ. ನಿಜವಾಗಿಯೂ ಅಲ್ಲೊಂದು ದೈತ್ಯ ಆಮೆ ಇತ್ತು. ಜನ ಅದನ್ನು "ಕೂ ಝುವಾ", ಮುತ್ತಜ್ಜ ಆಮೆ ಎಂದೇ ಕರೆಯುತ್ತಿದ್ದರು. 2016ರ ಜನವರಿಯಲ್ಲಿ ಅದು ಸತ್ತಾಗ ಊರು ಮನೆಯ ಹಿರಿಯರನ್ನು ಕಳೆದುಕೊಂಡಂತೆ ಅತ್ತಿತು. ಅದರ ದೇಹವನ್ನು ಕೆಡದಂತೆ ಮಾಡಿ ನಡುಗಡ್ಡೆಯ ಙೋಕ್ ಸನ್ ದೇಗುಲದಲ್ಲಿ ಗಾಜಿನ ಪೆಟ್ಟಿಗೆಯಲ್ಲಿಟ್ಟಿದ್ದಾರೆ. ಕೆಂಪು ಮರದ ಸೇತುವೆ ದಾಟಿ ಹೋಗಬೇಕು. ಆ ಜಾತಿಯ ಆಮೆಗಳು ಪ್ರಪಂಚದಲ್ಲಿ ಬೆರಳೆಣಿಕೆಯಷ್ಟೂ ಉಳಿದಿಲ್ಲ.

ವಾನ್ ಮಿಯೆವ್ ಎಂಬ ವಿದ್ಯಾದೇಗುಲದಲ್ಲೂ ಆಮೆಗಳೇ, ಕಲ್ಲಿನವು. 1070ರಲ್ಲಿ ಕಟ್ಟಿದ ಇದು ಒಂದು ಲಕ್ಷದ ನೋಟಿನ ಹಿಂಬದಿಯಲ್ಲಿದೆ. ಹಳೆಯ ಕಾಲದ ರಾಜಪರೀಕ್ಷೆಯಲ್ಲಿ ಪಾಸಾದವರ ಹೆಸರು ಕೆತ್ತಿದ 82 ಶಾಸನಗಳನ್ನು ಆಮೆಗಳು ಬೆನ್ನ ಮೇಲೆ ಹೊತ್ತಿವೆ. ಪರೀಕ್ಷೆಗೆ ಮುಂಚೆ ಮಕ್ಕಳು ಬಂದು ಆಮೆಯ ತಲೆ ಸವರಿ ಸವರಿ ಕಲ್ಲೇ ನುಣುಪಾಯಿತು, ಈಗ ಬೇಲಿ ಹಾಕಿದ್ದಾರೆ. ಮೊಮ್ಮಗಳು ದೂರದಿಂದಲೇ ಗಣಿತಕ್ಕಾಗಿ ಕೈಮುಗಿದಳು.

ರೈಲು ಬೀದಿಗೆ ಹೋದೆವೇ? ಹೋದೆವು. ಅಪಾಯವೆಂದು 2019ರಲ್ಲಿ ಅಲ್ಲಿನ ಕಾಫಿ ಅಂಗಡಿಗಳನ್ನು ಮುಚ್ಚಿಸಿದ್ದರು, ಆಮೇಲೆ ತೆರೆಯುವುದು ಮುಚ್ಚುವುದು ನಡೆದೇ ಇದೆ. ಅರಸೀಕೆರೆಯಲ್ಲಿ ದಿನವೂ ರೈಲು ನೋಡಿದ ನನಗೆ ಹಳಿಯ ಮೇಲೆ ನಿಂತು ಫೋಟೋ ತೆಗೆಯುವ ಜನರನ್ನು ಕಂಡರೆ ಕೈ ಎಳೆದು ಈಚೆಗೆ ನಿಲ್ಲಿಸೋಣ ಎನಿಸಿತು. ಬೀದಿಯ ತುದಿಯಲ್ಲೇ ನಿಂತು ನೋಡಿ ವಾಪಸು ಬಂದೆವು. ಅಲ್ಲಿ ಹಳಿಯ ಪಕ್ಕದಲ್ಲೇ ಬಟ್ಟೆ ಒಗೆದು, ಅಡುಗೆ ಮಾಡಿ ಬದುಕುವವರ ಮನೆಗಳಿವೆ, ಕಿಟಕಿಯಲ್ಲಿ ಇಣುಕುವವರಿಗೆ ಇದು ಹೊಳೆಯುವುದಿಲ್ಲ.

ಕಾಫಿ ಕುಡಿದದ್ದು ಙುಯೆನ್ ಹೂ ಹುವಾನ್ ಬೀದಿಯ ಹಳೆಯ ಅಂಗಡಿಯಲ್ಲಿ. ಮೊಟ್ಟೆ ಕಾಫಿ! 1946ರಲ್ಲಿ ಊರಿಗೆ ಹಾಲಿಲ್ಲದಾಗ, ಮೆಟ್ರೊಪೋಲ್ ಹೋಟೆಲಿನಲ್ಲಿ ಕೆಲಸಕ್ಕಿದ್ದ ಙುಯೆನ್ ವಾನ್ ಝಾಂಗ್ ಎಂಬವರು ಹಾಲಿನ ಬದಲು ಮೊಟ್ಟೆಯ ಹಳದಿಯನ್ನು ಸಕ್ಕರೆ ಹಾಕಿ ನೊರೆ ಬರುವಂತೆ ಕಡೆದು ಕಾಫಿಯ ಮೇಲೆ ಹಾಕಿದರು. ಬಿಸಿ ಆರದಿರಲೆಂದು ಲೋಟವನ್ನು ಬಿಸಿನೀರಿನ ಬಟ್ಟಲಲ್ಲಿಟ್ಟು ಕೊಡುತ್ತಾರೆ. ನಾನು ಕುಡಿದೆ, ಚೆನ್ನಾಗಿತ್ತು. ಚಮಚದಲ್ಲಿ ತಿಂದೆ ಎಂದರೆ ಸರಿ. ನನ್ನವಳು ಮೊಟ್ಟೆಯಿಲ್ಲದ ಸಾದಾ ಕಾಫಿ ತೆಗೆದುಕೊಂಡಳು. ಲೋಟದ ಮೇಲೆಯೇ ಕೂರುವ ಪುಟ್ಟ ಫಿಲ್ಟರಿನಿಂದ ಡಿಕಾಕ್ಷನ್ ತೊಟ್ಟು ತೊಟ್ಟಾಗಿ ಇಳಿಯುತ್ತದೆ, ಕೆಳಗೆ ಡಬ್ಬಿಯ ಸಿಹಿ ಗಟ್ಟಿಹಾಲು. ಬ್ರೆಜಿಲ್ ಬಿಟ್ಟರೆ ಪ್ರಪಂಚದಲ್ಲಿ ಅತಿ ಹೆಚ್ಚು ಕಾಫಿ ಬೆಳೆಯುವ ದೇಶ ಇದು, ಬಹುಪಾಲು ರೊಬಸ್ಟ. ಚಿಕ್ಕಮಗಳೂರಿನ ಕಡೆಯ ಮಗಳಾದ ಅವಳು "ಡಿಕಾಕ್ಷನ್‌ಗೆ ನೂರಕ್ಕೆ ತೊಂಬತ್ತು, ಹಾಲಿಗೆ ಮೂವತ್ತು" ಎಂದು ಅಂಕ ಕೊಟ್ಟಳು.

ಆ ಹೊತ್ತಿಗೆ ಮೊಮ್ಮಗಳು ಮೂಲೆಯ ಬಾಣಲೆ ಪತ್ತೆ ಮಾಡಿದ್ದಳು. ಎಳ್ಳು ಮೆತ್ತಿದ ಉಂಡೆಗಳು ಎಣ್ಣೆಯಲ್ಲಿ ಕುಣಿಯುತ್ತಿದ್ದವು. ಬಾನ್ ಝಾನ್. ಅಂಟಕ್ಕಿ ಹಿಟ್ಟಿನ ಹೊದಿಕೆ, ಒಳಗೆ ಸಿಹಿ ಹೆಸರುಬೇಳೆ ಹೂರಣ. ನನ್ನವಳು ಅರ್ಧ ಮುರಿದು ಒಳಗೆ ನೋಡಿ ಕೂಗಿದಳು: "ಅಯ್ಯೋ, ಸುಕ್ಕಿನುಂಡೆ!" ಮಾರ್ಗದರ್ಶಿಗೆ ಆ ಪದ ಹೇಳಿಕೊಟ್ಟದ್ದಾಯಿತು. ಅವಳು ಮಾರುವಾಕೆಗೆ ಹೇಳಿದಳು. ಮಾರುವಾಕೆ "ಸುಕಿನುಂದೆ, ಸುಕಿನುಂದೆ" ಎನ್ನುತ್ತ ಎರಡು ಹೆಚ್ಚಿಗೆ ಹಾಕಿದಳು. ಒಂದು ಪೊಟ್ಟಣವನ್ನು ಬೇರೆ ಕಟ್ಟಿಸಿ ನನ್ನವಳು ಆ ಹುಡುಗಿಯ ಚೀಲಕ್ಕೆ ತುರುಕಿದಳು, "ಇದು ನಿಮ್ಮಜ್ಜಿಗೆ" ಎಂದು. ಕನ್ನಡದಲ್ಲೇ ಹೇಳಿದ್ದು, ಅವಳಿಗೆ ಅರ್ಥವಾಯಿತು.

ಹೋಗುವವರಿಗೆ ನಾಲ್ಕು ಮಾತು. ಹತ್ತು, ಇಪ್ಪತ್ತು ಸಾವಿರದ ನೋಟುಗಳನ್ನು ಹೆಚ್ಚು ಇಟ್ಟುಕೊಳ್ಳಿ. ಕಾವಡಿಯವರ ಹತ್ತಿರ ಐದು ಲಕ್ಷಕ್ಕೆ ಚಿಲ್ಲರೆ ಇರುವುದಿಲ್ಲ. ರಸ್ತೆ ದಾಟುವಾಗ ಓಡಬೇಡಿ, ನಿಲ್ಲಲೂ ಬೇಡಿ, ಒಂದೇ ಸಮ ನಡೆಯಿರಿ, ಬೈಕಿನವರೇ ಸುತ್ತಿಕೊಂಡು ಹೋಗುತ್ತಾರೆ. ಸಸ್ಯಾಹಾರಿಗಳು ಪಂಚಾಂಗ ನೋಡಿ ಹುಣ್ಣಿಮೆಗೋ ಪಾಡ್ಯಕ್ಕೋ ಹೊಂದಿಸಿಕೊಂಡರೆ ಒಳ್ಳೆಯದು. "ಖೋಂಗ್ ನುವೊಕ್ ಮಾಮ್", ಮೀನಿನ ರಸ ಬೇಡ, ಎಂಬುದನ್ನು ಬಾಯಿಪಾಠ ಮಾಡಿಕೊಳ್ಳಿ. ಮಂಡಿನೋವಿನವರು ಸ್ಟೂಲಿನ ಮೇಲೆ ಸ್ಟೂಲು ಇಟ್ಟುಕೊಡಿ ಎಂದು ಕೇಳಬಹುದು, ನಗುತ್ತಾ ಇಟ್ಟುಕೊಡುತ್ತಾರೆ. ಸುಕ್ಕಿನುಂಡೆಯನ್ನು ಬಾಣಲೆಯಿಂದ ಇಳಿಸಿದ ಕೂಡಲೇ ತಿನ್ನಿ, ಹತ್ತಕ್ಕಿಂತ ಕಡಿಮೆ ಕಟ್ಟಿಸಬೇಡಿ. ಹೋಟೆಲು ತಲುಪುವುದರೊಳಗೆ ನಮ್ಮ ಹನ್ನೆರಡೂ ಖಾಲಿಯಾಗಿದ್ದವು, ಮಗಳು ಅಳಿಯನಿಗೆ ಬರೀ ಕಾಗದ ಉಳಿಯಿತು.